ಕಿಟ್ಟಣ್ಣ ರೈಯ ಸೋಲು, ಊರ್ಮಿಳಾಳ ಗೆಲುವು

ಎಪ್ಪತ್ತೆಂಟರ ಪಂಚಾಯತಿ ಚುನಾವಣೆಯಲ್ಲಿ ಸೋತ ಮೇಲೆ ಕಿಟ್ಟಣ್ಣ ರೈ ಕುಂಬ್ರ ಪೇಟೆಗೆ ಇಳಿಯುವುದನ್ನೇ ಬಿಟ್ಟ. ಯಾರ ಮುಖ ನೋಡಿದರೂ ಇವನೂ ಓಟು ಹಾಕಿರಲಿಕ್ಕಿಲ್ಲ ಎನಿಸುತ್ತಿತ್ತು.

ಕೊನೆಗೆ ಹೆಂಡತಿ ಊರ್ಮಿಳಾ ಸಾಮಾನಿಗೆಂದು ಅಟ್ಟಿದಳು. ದಿನಸಿ ಅಂಗಡಿಯ ಸಾಹುಲ್ ಹಮೀದ್ ಪೇಪರನ್ನು ಜಾಹೀರಾತು ಸಮೇತ ಓದುವ ಮನುಷ್ಯ. ರೈಯನ್ನು ಹಿಡಿದು ಕೂರಿಸಿದ.

"ವರ್ಷದ ಸುರುವಿಗೆ ಡೆಲ್ಲಿಗೆ ಬಂದಿದ್ದನಲ್ಲ ಅಮೆರಿಕದ ಅಧ್ಯಕ್ಷ ಕಾರ್ಟರ್, ಅವನದ್ದು ನೆಲಗಡಲೆ ಕೃಷಿ ರೈಗಳೇ. ಮೊದಲು ಊರಿನ ಶಾಲೆ ಕಮಿಟಿಯಲ್ಲಿದ್ದ. ಗವರ್ನರ್ ಆಗ್ಲಿಕ್ಕೆ ನಿಂತು ಒಮ್ಮೆ ಸೋತಿದ್ದ."

"ಸೋತ ಮೇಲೆ ಎಂತ ಮಾಡಿದ?"

"ಊರೂರು ತಿರುಗಿ ಸಿಕ್ಕಿದವರ ಕೈ ಕುಲುಕಿದ. ಮುಂದಿನ ಸಲ ಗೆದ್ದ. ನೀವು ಎಷ್ಟು ಮನೆಗೆ ಹೋಗಿದ್ದೀರಿ ಮಾರಾಯ್ರೆ?"

ಊರಿನ ಹಳೇ ಜಮೀನ್ದಾರರಾದ ಗುತ್ತಿನ ಮನೆಯವನಿಗೆ ಕೇಳದೆಯೇ ಓಟು ಬೀಳುತ್ತದೆಂದು ನಂಬಿ ರೈ ಯಾರ ಅಂಗಳಕ್ಕೂ ಕಾಲಿಟ್ಟಿರಲಿಲ್ಲ.

ಮೊದಲು ಹೋದದ್ದು ಬೋಜನಲ್ಲಿಗೆ. ಹಿಂದೆ ರೈಯ ಒಕ್ಕಲಾಗಿದ್ದ ಬೋಜ ಭೂಸುಧಾರಣೆ ಕಾನೂನು ಬಂದಾಗ ಡಿಕ್ಲರೇಶನ್ ಕೊಟ್ಟು ಗದ್ದೆ ತನ್ನದಾಗಿಸಿಕೊಂಡಿದ್ದ. ಆಮೇಲೆ ಇಬ್ಬರೂ ಮಾತಾಡಿರಲಿಲ್ಲ.

"ಓಟು ಮುಗಿಯಿತಲ್ಲ ಧನಿಗಳೇ, ಈಗ ಎಂತಕ್ಕೆ ಬಂದದ್ದು?"

"ಸುಮ್ಮನೆ ಬಂದೆ."

ಬೋಜ ನಂಬಲಿಲ್ಲ, ಆದರೂ ಚಾಪೆ ಹಾಸಿ ಬೆಲ್ಲ, ನೀರು ಕೊಟ್ಟ. ಒಂದು ಕಾಲಕ್ಕೆ ತನ್ನದಾಗಿದ್ದ ಗದ್ದೆಯನ್ನು ನೋಡುತ್ತ ಆ ನೀರು ಕುಡಿಯುವುದು ರೈಗೆ ಸುಲಭವಾಗಲಿಲ್ಲ. ಕುಡಿದ.

ಅಲ್ಲಿಂದ ಬೆಟ್ಟಂಪಾಡಿಯ ದಿಕ್ಕಿನ ಮನೆಗಳಿಗೂ ಹೋಗತೊಡಗಿದ. ಊರ್ಮಿಳಾಳೂ ಜೊತೆಗೆ ಹೊರಟಳು. ಅವನು ಜಗಲಿಯಲ್ಲಿ ಮಳೆ-ಬೆಳೆ ಮಾತಾಡುವಾಗ ಅವಳು ಅಡುಗೆಮನೆಯಲ್ಲಿ ಕೂತು ಯಾರಿಗೆ ಬಾವಿಯಿಲ್ಲ, ಯಾರ ಮಗಳು ಶಾಲೆ ಬಿಟ್ಟಳು ಎಂದು ತಿಳಿಯುತ್ತಿದ್ದಳು. ಎಂಬತ್ತರಲ್ಲಿ ಕಾರ್ಟರ್ ಸೋತ ಸುದ್ದಿ ಬಂದಾಗ ರೈಗೆ ಊಟ ರುಚಿಸಲಿಲ್ಲ. ತಿರುಗಾಟ ಮಾತ್ರ ನಿಲ್ಲಲಿಲ್ಲ.

ಮುಂದೂಡುತ್ತ ಮುಂದೂಡುತ್ತ ಮುಂದಿನ ಚುನಾವಣೆ ಬಂದದ್ದು ಎಂಬತ್ತೇಳರಲ್ಲಿ, ಹೊಸದಾಗಿ ಆದ ಮಂಡಲ ಪಂಚಾಯತಿಗೆ. ಅವನ ಊರಿನ ಸ್ಥಾನ ಹೆಂಗಸರಿಗೆ ಮೀಸಲಾಯಿತು. ಹೆಸರಿಗೆ ಹೆಂಡತಿಯನ್ನು ನಿಲ್ಲಿಸು, ಕೆಲಸ ನೀನೇ ಮಾಡು ಎಂದರು ನೆಂಟರು.

"ನಿಂತರೆ ಮೀಟಿಂಗಿಗೆ ನಾನೇ ಹೋಗುದು," ಎಂದಳು ಊರ್ಮಿಳಾ. "ಆಗುದಾದರೆ ಹೇಳಿ."

ಇಷ್ಟು ವರ್ಷ ತಿರುಗಿದ್ದು ಯಾರಿಗೋಸ್ಕರ ಎಂದು ಅವನಿಗೆ ಕಸಿವಿಸಿಯಾಯಿತು. ಮರುದಿನ ಬೆಳಿಗ್ಗೆ, "ಆಗುತ್ತದೆ," ಎಂದ.

ಅವಳು ಸುಲಭವಾಗಿ ಗೆದ್ದಳು. ಬೋಜನೇ ಮುಂದೆ ನಿಂತು ಓಟು ಕೇಳಿದ್ದ.

ಮೊದಲ ಮೀಟಿಂಗಿನ ದಿನ ಜವಾನ ರೈಗೂ ಒಂದು ಕುರ್ಚಿ ಎಳೆದ. "ಮೆಂಬರು ಅವಳು," ಎಂದು ರೈ ಹೊರಗೆ ನಿಂತ. ಹೊಟ್ಟೆಯೊಳಗೆ ಸ್ವಲ್ಪ ಉರಿದದ್ದು ಹೌದು. ಆದರೂ ಮನೆಗೆ ಬರುವ ದಾರಿಯುದ್ದಕ್ಕೂ ಒಳಗೆ ಎಂತೆಲ್ಲ ಆಯಿತೆಂದು ಅವಳನ್ನು ಕೇಳುತ್ತಲೇ ಬಂದ.