ಹಳ್ಳದ ಹರಳು ಹಾಸಿದ ನೆಲ

ಕಿವಿಗೆ ಬಿದ್ದ ಪ್ರತಿ ಸಪ್ಪಳಕ್ಕೂ ಒಂದು ಕಾರಣ ಇದ್ದೇ ಇರುತ್ತದೆ ಎಂದು ವಾದಿಸುತ್ತಿದ್ದವನು ನಾನು. ಇಂಥದ್ದನ್ನು ಯಾರಾದರೂ ಹೇಳಿದರೆ ನಕ್ಕುಬಿಡುತ್ತಿದ್ದೆ. ನೀವೂ ನಗಬಹುದು, ನನ್ನದೇನೂ ಅಡ್ಡಿಯಿಲ್ಲ.

ಕೆಲವು ವರ್ಷಗಳ ಹಿಂದೆ ಗುಡಗೇರಿ ಹತ್ತಿರದ ನಮ್ಮ ಹೊಲದಲ್ಲಿ ಪ್ರವಾಸಿಗರಿಗಾಗಿ ಟೆಂಟು ಹಾಕಿದೆ. ನಮ್ಮದು ಎರೆಭೂಮಿ. ಮಳೆ ಬಂದರೆ ಕಾಲು ಕೀಳಲಾಗದ ಕೆಸರು, ಬಿಸಿಲಿಗೆ ಅಂಗೈ ತೂರುವಷ್ಟು ಬಿರುಕು. ಸಿಮೆಂಟು ಸುರಿದು ನೆಲ ಕೊಲ್ಲಬಾರದು, ಪ್ರಕೃತಿಯದನ್ನೇ ಹಾಸಬೇಕು ಎಂಬುದು ನನ್ನ ಹೆಮ್ಮೆ. ಟೆಂಟಿನ ನೆಲಕ್ಕೆ ಮೊದಲು ಹೊಟ್ಟು ಹಾಸಿದೆ, ಗೆದ್ದಲು ಹತ್ತಿತು. ಆಮೇಲೆ ಬಾಜೂಕಿನ ಹಳ್ಳದಿಂದ ಉಸುಕು, ಉರುಟು ಹರಳು ಹೇರಿಸಿದೆ.

ಹಳ್ಳದ ದಂಡೆಗೆ ಮೌಲಾಬಿ ಎಂಬ ಮುದುಕಿ ಆಡು ಸಾಕಿಕೊಂಡು ಒಬ್ಬಳೇ ಇದ್ದಳು. ಬೇಸಿಗೆಯಲ್ಲಿ ಉಸುಕು ಕೆದರಿದರೆ ಜಿನುಗುವ ವರತಿಯ ನೀರೇ ಅವಳಿಗೂ ಆಡುಗಳಿಗೂ ಆಧಾರ.

"ಹರಳ ತಗೀಬ್ಯಾಡ್ರೀ ಸಾವ್ಕಾರ್ರ, ವರತಿ ಮುಚ್ಚಿ ಹೋಗತೈತ್ರಿ," ಎಂದಳು.

"ಮಳಿ ಬಂದ್ರ ಮತ್ತ ಬರ್ತಾವ ತಗೋಬೇ," ಎಂದೆ.

ಮಳೆ ಬಂತು. ಹರಳು ಬರಲಿಲ್ಲ, ಕರೀ ಮಣ್ಣು ಬಂದು ಹಳ್ಳದ ತುಂಬ ಕೂತು ಗಟ್ಟಿಯಾಯಿತು. ಮುಂದಿನ ಬೇಸಿಗೆಗೆ ಮೌಲಾಬಿ ಎಷ್ಟು ಕೆದರಿದರೂ ಹನಿ ನೀರು ಸಿಗಲಿಲ್ಲ.

ಅದೇ ಬೇಸಿಗೆಯ ಒಂದು ಮಧ್ಯಾಹ್ನ ಖಾಲಿ ಟೆಂಟಿನಲ್ಲಿ ಅಡ್ಡಾಗಿದ್ದೆ. ಕಿವಿಯ ಕೆಳಗೆ ನೀರು ಹರಿಯುತ್ತಿತ್ತು. ಕಲ್ಲು ಸುತ್ತಿ ಸುತ್ತಿ ಹೋಗುವ ತೆಳ್ಳನೆಯ ಸಪ್ಪಳ. ಅಲ್ಲೆಲ್ಲೂ ಪೈಪಿಲ್ಲ, ನಾವು ಬಳಸುತ್ತಿದ್ದದ್ದು ಟ್ಯಾಂಕರ್ ನೀರು. ಹರಳು ಸರಿಸಿ ನೋಡಿದೆ, ಕೆಳಗಿನ ಮಣ್ಣು ಒಣಗಿತ್ತು. ಏನೂ ಹೇಳದೆ ಮೌಲಾಬಿಯನ್ನು ಕರೆತಂದು ಕೂರಿಸಿದೆ. ಅವಳು ನೆಲಕ್ಕೆ ಕಿವಿಗೊಟ್ಟು, ಬಾಯಿಗೆ ಸೆರಗು ಒತ್ತಿಕೊಂಡಳು.

"ನಮ್ಮ ವರತಿ ಸಪ್ಪಳರೀ ಇದು."

ಎರಡೂ ಕೈಯಿಂದ ತೋಡತೊಡಗಿದಳು. ನಾನೂ ತೋಡಿದೆ. ಮೊಣಕೈ ಆಳಕ್ಕಿಳಿದರೂ ಒಣಮಣ್ಣೇ. ಸಪ್ಪಳ ಮಾತ್ರ ಹತ್ತಿರವೂ ಆಗಲಿಲ್ಲ, ದೂರವೂ ಆಗಲಿಲ್ಲ. ಅವಳು ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ಹರಳೆಲ್ಲ ತಿರುಗಿ ಹಳ್ಳಕ್ಕೆ ಸುರಿಸಿದೆ. ಮುಂದಿನ ಮಳೆಗಾಲದ ಮಣ್ಣು ಅವನ್ನೂ ನುಂಗಿತು. ಮೌಲಾಬಿ ಆಡು ಮಾರಿ ಅಣ್ಣಿಗೇರಿಯ ಮಗಳ ಮನೆ ಸೇರಿದಳು, ಅಲ್ಲೇ ತೀರಿಕೊಂಡಳು. ಟೆಂಟು ಕಿತ್ತೆ. ಒಂದು ಹರಳೂ ಉಳಿಯದ ಆ ಬರಿನೆಲದಲ್ಲಿ ಸಪ್ಪಳ ಈಗಲೂ ಇದೆ.

ಹೋದ ವರ್ಷ ಅಂತರ್ಜಲದ ವಿಷಯ ಓದಿಕೊಂಡ ಪರಿಚಯದವರೊಬ್ಬರು ಯಂತ್ರ ತಂದು ಪರೀಕ್ಷಿಸಿ, "ಇಲ್ಲಿ ಕೆಳಗ ಏನೂ ಇಲ್ರಿ," ಎಂದರು. ಒಮ್ಮೆ ಕಿವಿಯಿಟ್ಟು ನೋಡಿರೆಂದು ಬೇಡಿಕೊಂಡೆ. ಮಂಡಿಯೂರಿ ಬಗ್ಗಿದರು. ಬಹಳ ಹೊತ್ತು ಹಾಗೇ ಇದ್ದರು. ಆಮೇಲೆ ಎದ್ದು, ಕಿವಿಯ ಮಣ್ಣು ಒರೆಸಿಕೊಂಡು, ಯಂತ್ರ ಎತ್ತಿಕೊಂಡು ಗಾಡಿ ಹತ್ತಿದರು. ಏನು ಕೇಳಿಸಿತೆಂದು ಅವರನ್ನು ಕೇಳುವ ಧೈರ್ಯ ನನಗೆ ಇವತ್ತಿನವರೆಗೂ ಬಂದಿಲ್ಲ.