ಐದನೆಯ ಕೊನೆ

ಮೂವತ್ತೊಂದು ವರ್ಷ ನ್ಯಾಯಾಲಯದಲ್ಲಿ ಶೀಘ್ರಲಿಪಿಯ ಕೆಲಸ ಮಾಡಿದ ಆಕೆಗೆ ಅಲ್ಲಿ ಎರಡು ಹೆಸರಿದ್ದವು. ಎದುರಿಗೆ ಸ್ಟೆನಮ್ಮ, ಬೆನ್ನ ಹಿಂದೆ ಪೂರ್ಣವಿರಾಮ. ಹೇಳಿಕೆಯ ಕೊನೆಗೆ ಆಕೆ ಚುಕ್ಕಿ ಇಟ್ಟರೆಂದರೆ ಮುಗಿಯಿತು, ವಕೀಲರು ಎಷ್ಟು ಹಲ್ಲು ಗಿಂಜಿದರೂ ಒಂದು ಅಕ್ಷರವನ್ನೂ ಒಳಗೆ ತೂರಿಸಲು ಆಗುತ್ತಿರಲಿಲ್ಲ. ಮದುವೆಯಾಗಿರಲಿಲ್ಲ. ನಿವೃತ್ತಿಯಾದ ಮೇಲೆ ಎರಡನೆಯ ಮಹಡಿಯ ಒಂದು ಕೋಣೆ, ಒಂದು ಅಡುಗೆಮನೆ, ಭಾನುವಾರ ಮಧ್ಯಾಹ್ನ ಬಂದು ಹೋಗುವ ತಂಗಿಯ ಮಗಳು, ಇಷ್ಟೇ ಆಕೆಯ ಸಂಸಾರ.

ಆಟ ತಯಾರಿಸುವವರು ಹುಡುಕಿಕೊಂಡು ಬಂದದ್ದು ಆಗ. ಕನ್ನಡಕದ ಅಂಗಡಿಯ ಮೇಲಿನ ಮಹಡಿಯಲ್ಲಿ ಎಂಟು ಜನರ ಒಂದು ಪುಟ್ಟ ಕಂಪನಿ. ಅವರು ಕಂಪ್ಯೂಟರಿನಲ್ಲಿ ಆಡುವ ಒಂದು ಪತ್ತೇದಾರಿ ಆಟ ಮಾಡುತ್ತಿದ್ದರು. ದೊಡ್ಡ ಮನೆಯೊಂದರಲ್ಲಿ ಸೊಸೆ ಮೆಟ್ಟಿಲಿನಿಂದ ಬಿದ್ದು ಸತ್ತಿದ್ದಾಳೆ. ಆಡುವವನೇ ತನಿಖೆಗಾರ. ಯಾರನ್ನು ಏನು ಕೇಳಬೇಕೆಂದು ಅವನೇ ಆರಿಸಬೇಕು. ಅವನು ಆರಿಸಿದ ಹಾಗೆ ಕಥೆ ಬೇರೆ ಬೇರೆ ಕಡೆ ಹೋಗಿ ಮುಗಿಯುತ್ತದೆ. ಎಲ್ಲ ಚೆನ್ನಾಗಿತ್ತು, ಆದರೆ ಸಾಕ್ಷಿಗಳೆಲ್ಲ ಒಂದೇ ಬಾಯಲ್ಲಿ ಮಾತಾಡುತ್ತಿದ್ದರು. ಯಾರೋ ವಕೀಲರು ಸ್ಟೆನಮ್ಮನ ವಿಳಾಸ ಕೊಟ್ಟಿದ್ದರು.

ಕಂಪನಿಯ ಯಜಮಾನಿ ಮೂವತ್ತು ದಾಟಿದ, ಕೂದಲನ್ನು ಬೆರಳುದ್ದಕ್ಕೆ ಕತ್ತರಿಸಿಕೊಂಡ ಹೆಣ್ಣುಮಗಳು. ಎಲ್ಲರೂ ಅವಳನ್ನು ಕ್ಯಾಪ್ಟನ್ ಎನ್ನುತ್ತಿದ್ದರು. ಮೊದಲ ದಿನವೇ ಅವಳು ಬರೆದಿಟ್ಟಿದ್ದ ಸಂಭಾಷಣೆಯನ್ನು ಓದಿ ಸ್ಟೆನಮ್ಮ ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು.

"ಇವ್ರೆಲ್ಲ ಇಷ್ಟು ಪೂರ್ತಿ ವಾಕ್ಯದಲ್ಲಿ ಯಾಕಮ್ಮ ಮಾತಾಡ್ತಾರೆ? ಹೆದರಿದೋರು ಅರ್ಧ ಹೇಳಿ ನೀರು ಕೇಳ್ತಾರೆ."

"ನೀರು ಕೊಡೋದು ಬಿಡೋದು ಆಡೋರ ಕೈಲಿಡ್ಬಹುದು," ಎಂದಳು ಕ್ಯಾಪ್ಟನ್, ಕಣ್ಣರಳಿಸಿ.

"ಇಡಿ. ನೀರು ಕೊಟ್ಟೋನಿಗೊಂದು ಉತ್ತರ, ಕೊಡದೇ ಇದ್ದೋನಿಗೆ ಇನ್ನೊಂದು."

ಗೋಡೆಯ ಮೇಲೆ ಆಟದ ನಕ್ಷೆ ಇತ್ತು. ಹಳದಿ ಚೀಟಿಗಳು, ಅವುಗಳ ನಡುವೆ ದಾರ. ದಾರಗಳೆಲ್ಲ ಬಲತುದಿಯ ಮೂರು ಕೆಂಪು ಚೀಟಿಗಳಿಗೆ ಹೋಗಿ ಸೇರುತ್ತಿದ್ದವು: ಹಿಡಿದುಕೊಡು, ಕ್ಷಮಿಸು, ಎದ್ದು ಹೋಗು. ಕೊನೆಯ ದೃಶ್ಯದಲ್ಲಿ ಆಡುವವನು ಮೂರರಲ್ಲಿ ಒಂದನ್ನು ಒತ್ತಿದರೆ ಆಯಿತು.

ಸ್ಟೆನಮ್ಮ ತಲೆಯಾಡಿಸಿದರು. "ಕೊನೇಲಿ ಆರಿಸೋಕೆ ಏನೂ ಉಳಿದಿರಲ್ಲ. ಎಲ್ಲ ಅದಕ್ಕಿಂತ ಮೊದಲೇ ಆಗಿಹೋಗಿರುತ್ತೆ. ಯಾರನ್ನ ಯಾರ ಎದುರಿಗೆ ಕೇಳ್ದೆ, ಕೂರಿಸಿ ಕೇಳಿದ್ಯಾ ನಿಲ್ಲಿಸಿ ಕೇಳಿದ್ಯಾ, ಮಾತು ಮುಗಿಯೋಕೆ ಬಿಟ್ಯಾ, ಅದರಲ್ಲೇ ಕೇಸು ಮುಗ್ದಿರುತ್ತೆ. ಆಮೇಲೆ ಬರೋದು ಬರೀ ಸಹಿ."

ಕ್ಯಾಪ್ಟನ್ ಆ ಮೂರು ಕೆಂಪು ಚೀಟಿಗಳನ್ನು ಅಲ್ಲೇ ಕಿತ್ತು ಕಸದ ಬುಟ್ಟಿಗೆ ಹಾಕಿದಳು. ಆಟದ ಒಳಗೆ, ಆಡುವವರಿಗೆ ಕಾಣದ ಹಾಗೆ, ಒಂದು ಲೆಕ್ಕ ಕೂತಿತು. ಎಷ್ಟು ಸಲ ಮಧ್ಯೆ ಬಾಯಿ ಹಾಕಿದ, ಗದರಿಸಿದ, ಕುರ್ಚಿ ತೋರಿಸಿದ, ಎಲ್ಲವನ್ನೂ ಅದು ನೆನಪಿಟ್ಟುಕೊಳ್ಳುತ್ತಿತ್ತು. ಆ ನೆನಪಿನ ಮೇಲೆ ಕೊನೆ ಬದಲಾಗುತ್ತಿತ್ತು. ಒಂದರಲ್ಲಿ ಮನೆಗೆಲಸದವಳ ತಲೆಗೆ ತಪ್ಪು ಕಟ್ಟುತ್ತಾರೆ. ಇನ್ನೊಂದರಲ್ಲಿ ಅತ್ತೆ ಜೈಲಿಗೆ ಹೋಗುತ್ತಾಳೆ. ಮೂರನೆಯದರಲ್ಲಿ ಅದು ಅಪಘಾತ ಎಂದು ಕಡತ ಮುಚ್ಚುತ್ತದೆ. ನಾಲ್ಕನೆಯದರಲ್ಲಿ ತನಿಖೆಗಾರನೇ ಸಾಕಾಗಿ ಕೆಲಸ ಬಿಡುತ್ತಾನೆ.

ಐದನೆಯದು ಸ್ಟೆನಮ್ಮನದು. ಅದನ್ನು ಬರೆಯಬೇಕೆಂದು ಆಕೆ ಅಂದುಕೊಂಡಿರಲಿಲ್ಲ. "ಸತ್ತವಳಿಗೆ ಒಬ್ಬ ಅಕ್ಕ ಇರ್ಲಿ, ಬಟ್ಟೆ ಹೊಲಿಯೋಳು," ಎಂದು ಶುರು ಮಾಡಿ, ಊಟದ ಹೊತ್ತಿಗೂ ಏಳದೆ, ಹದಿನಾಲ್ಕು ಪುಟ ಟೈಪ್ ಮಾಡಿ ಮುಗಿಸಿದಾಗ ಬೆರಳು ಮರಗಟ್ಟಿದ್ದವು.

ಆ ಪುಟಗಳಲ್ಲಿ ಇದ್ದದ್ದು ಇಪ್ಪತ್ತೆರಡು ವರ್ಷದ ಹಿಂದಿನ ಒಂದು ಮಧ್ಯಾಹ್ನ. ಆ ದಿನ ನ್ಯಾಯಾಲಯದ ಟೈಪಿಂಗ್ ಕೋಣೆಗೆ ಸ್ಟೆನಮ್ಮನ ತಂಗಿ ಫೋನು ಮಾಡಿದ್ದಳು. ಧ್ವನಿ ತಗ್ಗಿಸಿ ಮಾತಾಡಿದ್ದಳು.

"ಅಕ್ಕಾ, ಇವ್ರು ಇವತ್ತೂ ಕೈ ಮಾಡಿದ್ರು. ಈಗ ತಾರಸಿಗೆ ಬಾ, ಮಾತಾಡ್ಬೇಕು ಅಂತಿದಾರೆ. ನಂಗ್ಯಾಕೋ ಭಯ ಆಗ್ತಿದೆ. ನೀನೊಂದ್ಸಲ ಬಂದು ಹೋಗ್ತೀಯಾ?"

"ಸಾಹೇಬ್ರು ಕರೀತಿದಾರೆ ಕಣೇ. ಸಾಯಂಕಾಲ ಬರ್ತೀನಿ," ಎಂದಿದ್ದರು ಸ್ಟೆನಮ್ಮ.

ನಾಲ್ಕು ಗಂಟೆಗೆ ತಂಗಿ ತಾರಸಿಯಿಂದ ಬಿದ್ದಿದ್ದಳು. ಒಣಗಿದ ಬಟ್ಟೆ ತೆಗೆಯುವಾಗ ಕಾಲು ಜಾರಿತು ಎಂದ ಗಂಡ. ಆಸ್ಪತ್ರೆಯ ಹೊರಗಿನ ಬೆಂಚಿನ ಮೇಲೆ ಕೂತಿದ್ದಾಗ ಪೊಲೀಸಿನವನು ಬಂದ. ಅವನು ಬರುವ ಮೊದಲೇ, ಫೋನಿನ ಮಾತು ಕೇಳಿ ತಿಳಿದಿದ್ದ ತಾಯಿ ಸ್ಟೆನಮ್ಮನ ತೋಳನ್ನು ಬಿಗಿಯಾಗಿ ಹಿಡಿದುಕೊಂಡಿದ್ದಳು.

"ಹೋದೋಳು ಹೋದ್ಲು. ಐದು ವರ್ಷದ ಕೂಸದು. ಅವ್ನನ್ನ ಒಳಗೆ ಹಾಕ್ಸಿಬಿಟ್ರೆ ಯಾರೇ ಸಾಕ್ತಾರೆ? ನೀನಾ?"

ನಾನು ಎನ್ನಬಹುದಿತ್ತು. ಕೈಯಲ್ಲಿ ಸಂಬಳವಿತ್ತು, ತಲೆಯ ಮೇಲೆ ಸೂರಿತ್ತು, ಕಟ್ಟಿಹಾಕುವ ಗಂಡನಿರಲಿಲ್ಲ. ಎನ್ನಲಿಲ್ಲ. ಪೊಲೀಸಿನವನು ನಿಂತೇ ಕೇಳಿದ: "ಇವತ್ತು ನಿಮ್ಮ ತಂಗಿ ಫೋನ್ ಮಾಡಿದ್ರಂತಲ್ಲ, ಏನಾದ್ರೂ ಹೇಳಿದ್ರಾ?" ತಾಯಿಯ ಉಗುರು ತೋಳಿನೊಳಗೆ ಇಳಿಯಿತು. "ಸುಮ್ನೆ ಚೆನ್ನಾಗಿದ್ದೀಯಾ ಅಂತ ಕೇಳಿದ್ಲು," ಎಂದರು ಸ್ಟೆನಮ್ಮ. ಅವನು ಬರೆದುಕೊಂಡ, ಸಹಿ ಹಾಕಿಸಿಕೊಂಡ, ಹೋದ. ಎಲ್ಲ ಸೇರಿ ಎರಡು ನಿಮಿಷ.

ಆಮೇಲೆ ಆ ಗಂಡ ಮತ್ತೆ ಮದುವೆಯಾಗಲಿಲ್ಲ. ಮಗಳ ತಲೆ ಬಾಚಿದ, ಶಾಲೆಗೆ ಬಿಟ್ಟ, ಜ್ವರ ಬಂದಾಗ ಪಕ್ಕದಲ್ಲಿ ಕೂತ, ಓದಿಸಿದ. ಅವಳ ಮೇಲೆ ಒಂದು ದಿನವೂ ಕೈ ಎತ್ತಲಿಲ್ಲ. ಅವನು ಕೆಟ್ಟ ಅಪ್ಪನಾಗಿದ್ದರೆ ಸ್ಟೆನಮ್ಮನಿಗೆ ಬಾಯಿ ಬಿಡುವುದು ಸುಲಭವಾಗುತ್ತಿತ್ತೋ ಏನೋ. ಆ ಪುಣ್ಯವೂ ಆಕೆಗಿರಲಿಲ್ಲ.

ಐದನೆಯ ಕೊನೆಯಲ್ಲಿ ಬಟ್ಟೆ ಹೊಲಿಯುವ ಅಕ್ಕ ನಿಜ ಹೇಳುತ್ತಾಳೆ. ಆದರೆ ಅಲ್ಲಿಗೆ ಹೋಗುವುದು ಕಷ್ಟ. ತಾಯಿಯನ್ನು ಹೊರಗೆ ಕಳಿಸಿ ಕೇಳಬೇಕು. ಕುರ್ಚಿ ಕೊಡಬೇಕು. ಅವಳು "ಏನಿಲ್ಲ" ಎಂದಾಗ ಪರದೆಯ ಮೇಲೆ ಬರುವ ನಾಲ್ಕು ಪ್ರಶ್ನೆಗಳಲ್ಲಿ ಒಂದನ್ನೂ ಒತ್ತದೆ ಇಪ್ಪತ್ತು ಸೆಕೆಂಡು ಸುಮ್ಮನೆ ಕಾಯಬೇಕು.

"ಇಪ್ಪತ್ತು ಸೆಕೆಂಡಾ! ಆಟ ಕೆಟ್ಟುನಿಂತಿದೆ ಅಂದ್ಕೋತಾರೆ," ಎಂದಳು ಕ್ಯಾಪ್ಟನ್.

"ಅಂದ್ಕೊಳ್ಲಿ."

ಆಟ ಹೊರಬಂದು ಒಂದು ತಿಂಗಳಿಗೆ ನಲವತ್ತು ಸಾವಿರ ಜನ ಅದನ್ನು ಆಡಿ ಮುಗಿಸಿದ್ದರು. ಕ್ಯಾಪ್ಟನ್ ಅಂಕಿಅಂಶಗಳನ್ನು ಗೋಡೆಯ ಮೇಲೆ ಹಾಕಿದಳು. ನೂರರಲ್ಲಿ ಅರವತ್ತೊಂದು ಜನ ಅಪಘಾತ ಎಂದು ಕಡತ ಮುಚ್ಚಿದ್ದರು. ಹತ್ತೊಂಬತ್ತು ಜನ ಮನೆಗೆಲಸದವಳನ್ನು ಜೈಲಿಗೆ ಕಳಿಸಿದ್ದರು. ಐದನೆಯ ಕೊನೆ ಕಂಡವರು ನೂರಕ್ಕೆ ಮೂವರು.

"ಅಕ್ಕ ಏನಿಲ್ಲ ಅಂದ್ಮೇಲೆ ಜನ ಎಷ್ಟು ಹೊತ್ತು ಕಾಯ್ತಾರೆ ಗೊತ್ತಾ? ನಾಲ್ಕು ಸೆಕೆಂಡು. ಮುಂದಿನ ಆವೃತ್ತೀಲಿ ಐದಕ್ಕಿಳಿಸೋಣ ಅಮ್ಮ. ಇಷ್ಟು ಚೆನ್ನಾಗಿ ಬರೆದಿದೀರಿ, ಯಾರೂ ನೋಡ್ತಿಲ್ಲ."

ಸ್ಟೆನಮ್ಮ ಒಪ್ಪಲಿಲ್ಲ. ಯಾರೂ ನೋಡದಿದ್ದರೆ ಒಳ್ಳೆಯದೇ ಎಂದು ಒಳಗೊಳಗೆ ಅನ್ನಿಸುತ್ತಿತ್ತು. ಬರೆದದ್ದೂ ಆಯಿತು, ಬಚ್ಚಿಟ್ಟದ್ದೂ ಆಯಿತು.

ಅದರ ಮುಂದಿನ ವಾರ, ಭಾನುವಾರ, ತಂಗಿಯ ಮಗಳು ಬಂದಳು. ಈಗ ಇಪ್ಪತ್ತೇಳರವಳು, ಆಸ್ಪತ್ರೆಯಲ್ಲಿ ಎಕ್ಸ್-ರೇ ತೆಗೆಯುವ ಕೆಲಸ. ಅವಳ ಅಪ್ಪನಿಗೆ ಎರಡು ವರ್ಷದ ಹಿಂದೆ ಲಕ್ವ ಹೊಡೆದು ಬಲಭಾಗ ಸತ್ತಿತ್ತು, ಮಾತು ಹೋಗಿತ್ತು. ಹಗಲು ನೋಡಿಕೊಳ್ಳಲು ಒಬ್ಬಾಕೆ ಬರುತ್ತಿದ್ದಳು. ಉಳಿದ ಹೊತ್ತೆಲ್ಲ ಮಗಳೇ. ಅಂದು ಅವಳು ಚಪ್ಪಲಿಯನ್ನು ಬಾಗಿಲ ಹೊರಗೆ ಬಿಡದೆ ಹಾಕಿಕೊಂಡೇ ಒಳಗೆ ಬಂದಳು.

"ದೊಡ್ಡಮ್ಮ, ನಿನ್ನ ಆಟ ಆಡ್ದೆ. ಐದೂ ಕೊನೆ ನೋಡ್ದೆ."

"ಐದೂನಾ?"

"ಐದನೇದಕ್ಕೆ ಹೋಗೋಕೆ ಹನ್ನೊಂದು ಸಲ ಮೊದಲಿಂದ ಆಡ್ದೆ. ಅದರಲ್ಲಿ ಒಂದು ಮಗು ಬರುತ್ತಲ್ಲ, ಮೆಟ್ಟಿಲ ಮೇಲೆ ಕೂತು ಎಣಿಸೋದು."

ಆ ಮಗು ಇವಳೇ ಆಗಿದ್ದಳು. ಆ ದಿನ ತಂಗಿ ತಾರಸಿಗೆ ಹೋಗುವ ಮೊದಲು ಮಗಳಿಗೆ, ನೂರು ಎಣಿಸು, ಅಷ್ಟರಲ್ಲಿ ಬರ್ತೀನಿ ಎಂದಿದ್ದಳು. ಮಗುವಿಗೆ ನಲವತ್ತರ ತನಕ ಮಾತ್ರ ಬರುತ್ತಿತ್ತು. ನಲವತ್ತಕ್ಕೆ ನಿಂತು ಮತ್ತೆ ಒಂದರಿಂದ ಎಣಿಸುತ್ತ ಕೂತಿತ್ತು. ಹನ್ನೆರಡನೆಯ ವಯಸ್ಸಿನಲ್ಲಿ ಇದನ್ನು ಅವಳು ದೊಡ್ಡಮ್ಮನಿಗೆ ಹೇಳಿದ್ದಳು. ಬೇರೆ ಯಾರಿಗೂ ಹೇಳಿರಲಿಲ್ಲ. ಬರೆಯುವ ರಭಸದಲ್ಲಿ ಅದು ಸ್ಟೆನಮ್ಮನ ಬೆರಳಿಂದ ಹಾಗೇ ಇಳಿದುಬಿಟ್ಟಿತ್ತು.

"ಆ ದಿನ ಅಮ್ಮ ನಿಂಗೆ ಫೋನ್ ಮಾಡಿದ್ಲಾ?"

"ಅದು ಆಟ ಕಣೇ. ಕಥೆಗೆ ಏನೇನೋ ಸೇರಿಸ್ತೀವಿ."

ಹುಡುಗಿ ಎದುರಿನ ಸ್ಟೂಲಿನ ಮೇಲೆ ಕೂತಳು, ಕೈಗಳನ್ನು ಮಡಿಲಲ್ಲಿಟ್ಟುಕೊಂಡಳು, ಕಾದಳು. ಪಕ್ಕದ ಮನೆಯಲ್ಲಿ ಯಾರೋ ಪಾತ್ರೆ ಉಜ್ಜುತ್ತಿದ್ದರು. ಎಲ್ಲಿ ಕಲಿತಳು ಇದನ್ನು ಎಂದುಕೊಂಡ ಮರುಕ್ಷಣವೇ, ಕಲಿಸಿದವಳು ತಾನೇ ಎಂದು ಸ್ಟೆನಮ್ಮನಿಗೆ ಹೊಳೆಯಿತು.

ಹೇಳಿದರು. ಫೋನಿನಲ್ಲಿ ಬಂದ ಮಾತು, ತಾನು ಕೊಟ್ಟ ಉತ್ತರ, ಬೆಂಚು, ತಾಯಿಯ ಉಗುರು, ಸಹಿ. ಒಂದು ಪದ ಹೆಚ್ಚಿಲ್ಲ, ಒಂದು ಪದ ಕಮ್ಮಿಯಿಲ್ಲ. "ಅವ್ನೇ ತಳ್ಳಿದ್ನಾ ನಂಗೊತ್ತಿಲ್ಲ. ಅವ್ಳು ಹೇಳಿದ್ದಷ್ಟು ಗೊತ್ತು," ಎಂದು ಮುಗಿಸಿದರು.

ಅಳುತ್ತಾಳೆ, ಬಯ್ಯುತ್ತಾಳೆ, ಇಲ್ಲವೇ ಅಪ್ಪಿಕೊಳ್ಳುತ್ತಾಳೆ ಎಂದುಕೊಂಡಿದ್ದರು. ಅವಳು ಬೆರಳಲ್ಲಿ ಏನೋ ಲೆಕ್ಕ ಹಾಕಿದಳು.

"ನೂರಕ್ಕೆ ಮೂರು ಅಂದಿದ್ಯಲ್ಲ ಹೋದ್ವಾರ, ನಲವತ್ತು ಸಾವ್ರದಲ್ಲಿ. ಅಂದ್ರೆ ಸಾವ್ರದಿನ್ನೂರು ಜನ. ನಂಗಿಂತ ಮೊದ್ಲು ಸಾವ್ರದಿನ್ನೂರು ಜನಕ್ಕೆ ಹೇಳಿದೀಯ. ಗುರುತು ಪರಿಚಯ ಇಲ್ದೋರಿಗೆ."

"ನಿಂಗೆ ಹೇಳೋಕೆ ಧೈರ್ಯ ಬರ್ಲಿಲ್ಲಮ್ಮ."

"ಅಪ್ಪ ಮಾತಾಡ್ತಿದ್ದಾಗ ಹೇಳಿದ್ರೆ ಅವ್ರನ್ನಾದ್ರೂ ಕೇಳ್ತಿದ್ದೆ. ಇಲ್ಲ, ಹೇಳ್ದೇನೇ ಇದ್ರೆ ಹೀಗೇ ಇರ್ತಿದ್ದೆ. ನೀನು ಎರಡೂ ಬಿಟ್ಟೆ." ಎದ್ದಳು. "ಮೂರು ಗಂಟೆಗೆ ಹೋಗಿ ಅವ್ರಿಗೆ ಊಟ ಮಾಡಿಸ್ಬೇಕು ನಾನು. ಇಷ್ಟು ಕೇಳಿದ್ಮೇಲೂ, ಇದೇ ಕೈಲಿ."

ಮಾರನೆಯ ದಿನ ಸ್ಟೆನಮ್ಮ ಹೇಳಿಕೆಯನ್ನು ಮೂರು ಪ್ರತಿಗಳಲ್ಲಿ ಟೈಪ್ ಮಾಡಿ ಪೊಲೀಸ್ ಠಾಣೆಗೆ ಹೋದರು. ಅಧಿಕಾರಿ ಮಗನ ವಯಸ್ಸಿನವನು, ಮರ್ಯಾದೆಯಿಂದಲೇ ಕೂರಿಸಿದ, ನೀರೂ ಕೊಟ್ಟ.

"ಆ ಕಡತ ಈಗ ಇರೋದೇ ಇಲ್ಲಮ್ಮ, ಹಳೇದನ್ನೆಲ್ಲ ನಾಶ ಮಾಡಿದಾರೆ. ಅವ್ರಿಗೆ ಮಾತು ಬರಲ್ಲ ಅಂತೀರಿ. ನಿಮ್ಮ ತಾಯೀನೂ ಇಲ್ಲ. ಅವತ್ತು ಸುಳ್ಳು ಹೇಳ್ದೆ ಅಂತ ನೀವೇ ಬರೆದಿದೀರಿ. ಇವತ್ತಿನದನ್ನ ಯಾರು ನಂಬ್ತಾರೆ?" ಒಂದು ಪ್ರತಿಗೆ ಮೊಹರು ಒತ್ತಿ ವಾಪಸು ಕೊಟ್ಟ. ಅಷ್ಟು ಅಚ್ಚುಕಟ್ಟಾಗಿ ಟೈಪ್ ಮಾಡಿದ್ದನ್ನು ತಾನು ನೋಡೇ ಇಲ್ಲ ಎಂದು ಹೊಗಳಿದ.

ಏಳು ವಾರ ಹುಡುಗಿ ಬರಲಿಲ್ಲ. ಫೋನು ಎತ್ತಲಿಲ್ಲ. ಅಷ್ಟರಲ್ಲಿ ಕ್ಯಾಪ್ಟನ್ ಹೇಳದೆ ಕೇಳದೆ ಕಾಯುವ ಹೊತ್ತನ್ನು ಐದು ಸೆಕೆಂಡಿಗೆ ಇಳಿಸಿದ್ದಳು. ಈಗ ನೂರರಲ್ಲಿ ಐವತ್ತು ಜನ ಐದನೆಯ ಕೊನೆ ಕಾಣುತ್ತಿದ್ದರು. ಅದನ್ನು ಕುರಿತು ಬರೆಯುತ್ತಲೂ ಇದ್ದರು. ಆ ಅಕ್ಕ ಎಂಥ ಹೇಡಿ ಎಂದು ಕೆಲವರು, ಪಾಪ ಎಂದು ಕೆಲವರು, ಪಾತ್ರ ಅಷ್ಟೇನೂ ಸಹಜವಾಗಿಲ್ಲ, ಒಡಹುಟ್ಟಿದವಳು ಹಾಗೆಲ್ಲ ಮಾಡುವುದಿಲ್ಲ ಎಂದು ಒಬ್ಬ. ಕ್ಯಾಪ್ಟನ್ ಎಲ್ಲವನ್ನೂ ಸಡಗರದಿಂದ ಓದಿ ಹೇಳಿದಳು. ಮುಂದಿನ ಆಟಕ್ಕೂ ನೀವೇ ಬರೆಯಬೇಕು ಎಂದಳು. ಸ್ಟೆನಮ್ಮ ತನ್ನ ಕನ್ನಡಕದ ಪೆಟ್ಟಿಗೆ, ನೀರಿನ ಬಾಟಲಿ ಎತ್ತಿಕೊಂಡು ಮೆಟ್ಟಿಲಿಳಿದರು. ಮತ್ತೆ ಆ ಮಹಡಿ ಹತ್ತಲಿಲ್ಲ.

ಎಂಟನೆಯ ವಾರ ಹುಡುಗಿಯೇ ಫೋನು ಮಾಡಿದಳು. ಧ್ವನಿಯಲ್ಲಿ ಸಿಟ್ಟಿರಲಿಲ್ಲ, ಮತ್ತೇನೂ ಇರಲಿಲ್ಲ.

"ಅಪ್ಪನ್ನ ಕೇಳ್ದೆ. ಹೌದಾದ್ರೆ ಕಣ್ಣು ಮುಚ್ಚಿ, ಇಲ್ಲಾಂದ್ರೆ ಹಾಗೇ ಇರಿ ಅಂದೆ. ಎಡಗೈಲಿ ಹಾಸಿಗೆ ಬಟ್ಟೆ ಹಿಡ್ಕೊಂಡು ಅತ್ರು. ಅಳುವಾಗ ಕಣ್ಣು ಮುಚ್ಚುತ್ತಲ್ಲ. ಅದು ಹೌದೋ, ಬರೀ ಅಳುವೋ, ಗೊತ್ತಾಗ್ಲಿಲ್ಲ." ಆಮೇಲೆ ಹೇಳಿದಳು: "ಹಗಲು ಬರ್ತಿದ್ದಾಕೆ ಬಿಟ್ಟುಹೋದ್ಲು. ನಾಳೆ ಬಾ."

ಸ್ಟೆನಮ್ಮ ಹನ್ನೆರಡೂವರೆಗೆ ಹೋದರು. ಮಲಗುವ ಕೋಣೆಯಲ್ಲಿ ಮುಲಾಮಿನ ವಾಸನೆ. ಅವನು ಮೂರು ದಿಂಬಿಗೆ ಒರಗಿ ಕೂತಿದ್ದ, ಬಾಯಿ ಒಂದು ಕಡೆ ಎಳೆದುಕೊಂಡಿತ್ತು, ಗಡ್ಡ ಬೋಳಿಸಿತ್ತು. ಹುಡುಗಿ ಅಡುಗೆಮನೆಯಿಂದ ಸೂಪಿನ ಬಟ್ಟಲು ತಂದು ದೊಡ್ಡಮ್ಮನ ಕೈಗಿಟ್ಟಳು.

"ನನ್ನ ಕೈಲಿ ಆಗ್ತಿಲ್ಲ. ಇನ್ಮೇಲೆ ಮಧ್ಯಾಹ್ನದ್ದು ನೀನು ತಿನ್ನಿಸು."

"ನಾನಾ?"

"ಮತ್ತ್ಯಾರು?"

ಅವಳು ತನ್ನ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು. ಸ್ಟೆನಮ್ಮ ಮಂಚದ ಪಕ್ಕದ ಕುರ್ಚಿಯಲ್ಲಿ ಕೂತು ಚಮಚವನ್ನು ಅವನ ತುಟಿಗೆ ಹಿಡಿದರು. ಅವನು ಆಕೆಯ ಮುಖವನ್ನು ದಿಟ್ಟಿಸಿದ, ಆಮೇಲೆ ಬಾಯಿ ತೆರೆದ. ಅರ್ಧ ಒಳಗೆ ಹೋಯಿತು, ಅರ್ಧ ಗದ್ದದ ಮೇಲೆ ಇಳಿಯಿತು. ಆಕೆ ಬಟ್ಟೆಯಲ್ಲಿ ಒರೆಸಿ, ಇನ್ನೊಂದು ಚಮಚ ತುಂಬಿಸಿಕೊಂಡು, ಬಿಸಿ ಆರಲೆಂದು ಊದಿದರು.