ಹೆಸರು ಕೊರೆಯದ ಕತ್ತಿ

ಮಿನೊಸೆ ಕೋಟೆಯೂರಿನಲ್ಲಿ ಕತ್ತಿ ಮಾಡುವ ಕಮ್ಮಾರರು ಇಬ್ಬರೇ ಉಳಿದಿದ್ದರು. ಮೇಲುಬೀದಿಯಲ್ಲಿ ಕುಮಗೊರೊ, ಹೊಳೆದಂಡೆಯಲ್ಲಿ ಇಸಬುರೊ. ಇಬ್ಬರೂ ಒಬ್ಬನೇ ಗುರುವಿನ ಕುಲುಮೆಯಲ್ಲಿ ಸುತ್ತಿಗೆ ಹಿಡಿದು ಬೆಳೆದವರು. ಕುಮಗೊರೊ ಹಿರಿಯ ಶಿಷ್ಯನಾದ್ದರಿಂದ ಇಸಬುರೊ ಅವನನ್ನು ಅಣ್ಣ ಎನ್ನುತ್ತಿದ್ದ. ಆ ಮಾತು ಕಿವಿಗೆ ಬಿದ್ದಾಗಲೆಲ್ಲ ಕುಮಗೊರೊ ಮುಖ ತಿರುಗಿಸುತ್ತಿದ್ದ. ಗುರು ಸಾಯುವಾಗ ಕುಲುಮೆಯನ್ನೂ ಮಗಳನ್ನೂ ಕೊಟ್ಟು ಹೋದದ್ದು ಈ ತಮ್ಮನಿಗೆ.

ಕೆಲಸದಲ್ಲಿ ತಾನೇ ಮೇಲು ಎಂಬುದರಲ್ಲಿ ಕುಮಗೊರೊನಿಗೆ ಎಳ್ಳಷ್ಟೂ ಅನುಮಾನವಿರಲಿಲ್ಲ. ಕಾದ ಅಲಗನ್ನು ನೀರಿಗೆ ಅದ್ದುವ ಹದ ಗುರುವಿನ ಕೈಯಿಂದ ಬಂದಿದ್ದರೆ ಅದು ತನಗೆ. ಇಸಬುರೊಗೆ ಬಂದಿರುವುದು ಬರೀ ನಗುಮುಖ. ಕುಮಗೊರೊನ ಹೆಂಡತಿ ಒತಾಕಿ ಈ ಮಾತನ್ನು ಕೇಳಿ ಕೇಳಿ, ಮೂಲಂಗಿ ಹೆಚ್ಚುತ್ತಲೇ ಹೂಂಗುಟ್ಟುವುದನ್ನು ರೂಢಿ ಮಾಡಿಕೊಂಡಿದ್ದಳು.

ಫಿರಂಗಿ ಹೊತ್ತ ಪರದೇಶದ ಕಪ್ಪು ಹಡಗುಗಳು ಬಂದು ಹೋದಮೇಲೆ ನಾಡಿನಲ್ಲಿ ಎಲ್ಲರ ತಲೆಯೂ ಬಿಸಿಯಾಗಿತ್ತು. ಮಿನೊಸೆಯ ಮಂತ್ರಿ ಕಗೆಯಾಮಾ ಪರದೇಶದವರಿಗೆ ಬಂದರು ತೆರೆಯೋಣ ಎನ್ನುವ ಪಕ್ಷದವನು. ಹರೆಯದ ಬಡ ಸಮುರಾಯಿಗಳಿಗೆ ಅವನೆಂದರೆ ಆಗದು. ಆ ವರ್ಷದ ಜಡಿಮಳೆಯಲ್ಲಿ, ಮಂತ್ರಿ ಕೋಟೆಯಿಂದ ಮನೆಗೆ ಹೊರಟಿದ್ದಾಗ, ಸೇತುವೆಯ ಬಳಿ ಇಬ್ಬರು ಪಲ್ಲಕ್ಕಿಯ ಮೇಲೆ ಬಿದ್ದರು. ಒಬ್ಬ ಕಾವಲಿನವರ ಕೈಯಲ್ಲಿ ಅಲ್ಲೇ ಸತ್ತ. ಹಗಿನೊ ಎಂಬ ಇನ್ನೊಬ್ಬ, ಮಂತ್ರಿಯನ್ನು ಕಡಿದು ಬೆಟ್ಟದ ಕಡೆ ತಪ್ಪಿಸಿಕೊಂಡ.

ಮಾರನೆಯ ದಿನ ಊರಿನ ಸ್ನಾನದ ಮನೆಯಲ್ಲಿ ಅದೇ ಮಾತು.

"ಒಂದೇ ಏಟಂತೆ. ಹೆಗಲಿಂದ ಎದೆಗೂಡಿನವರೆಗೆ."

"ಯಾರು ಮಾಡಿದ ಕತ್ತಿನೋ?"

"ಇನ್ಯಾರದು? ಆ ಹಗಿನೊ ಯಾವಾಗ ನೋಡಿದ್ರೂ ಹೊಳೆದಂಡೆ ಕುಲುಮೇಲೇ ಕೂತಿರ್ತಿದ್ದ."

ಬಿಸಿನೀರಿನಲ್ಲಿ ಕುತ್ತಿಗೆಯವರೆಗೆ ಮುಳುಗಿದ್ದ ಕುಮಗೊರೊ ಕಣ್ಣು ಮುಚ್ಚಿಕೊಂಡ.

ಅಂದಿನಿಂದ ಇಸಬುರೊನ ಬಾಗಿಲಲ್ಲಿ ಹುಲ್ಲಿನ ಚಪ್ಪಲಿಗಳ ರಾಶಿ. ಪಕ್ಕದ ಸೀಮೆಗಳಿಂದಲೂ ಹುಡುಗ ಸಮುರಾಯಿಗಳು ಬಂದು ಅಂಥದೇ ಕತ್ತಿ ಬೇಕೆಂದು ಕೈಮುಗಿಯತೊಡಗಿದರು. ಆ ಕತ್ತಿ ನಿನ್ನದೇನಯ್ಯಾ ಎಂದು ಕೇಳಿದರೆ ಇಸಬುರೊ ಹೌದೆನ್ನಲಿಲ್ಲ, ಅಲ್ಲವೆನ್ನಲಿಲ್ಲ. ತಿದಿ ಒತ್ತುತ್ತ ನಕ್ಕ. ಕೆಲಸವಿಲ್ಲದಿದ್ದರೂ ಕುಮಗೊರೊ ಹೊಳೆಯ ದಾರಿ ಹಿಡಿದು ಹೋಗುತ್ತಿದ್ದ. ಆ ಸುತ್ತಿಗೆಯ ಸದ್ದು ಕೇಳಿ, ಕಬ್ಬಿಣ ಹದಕ್ಕೆ ಮುಂಚೆಯೇ ಬಡಿಯುತ್ತಿದ್ದಾನೆ ಎಂದು ಹಲ್ಲು ಕಡಿದು ವಾಪಸಾಗುತ್ತಿದ್ದ. ಮನೆಯಲ್ಲಿ ಅನ್ನ ಸೇರುತ್ತಿರಲಿಲ್ಲ.

"ಒಬ್ಬ ಮನುಷ್ಯನ್ನ ಕಡಿದಿದ್ದಕ್ಕೆ ಹೊಟ್ಟೆ ಉರ್ಕೊಳ್ಳೋರು ಊರಲ್ಲಿ ನೀವೊಬ್ರೇ ಇರ್ಬೇಕು," ಅಂದಳು ಒತಾಕಿ. "ಆ ಮಂತ್ರಿಗೂ ಹೆಂಡ್ತಿ ಮಕ್ಕಳಿದ್ರು."

"ಕಡಿದಿದ್ದಕ್ಕಲ್ಲ ಕಣೆ. ಅವನ ಕತ್ತಿ ಅಷ್ಟು ಚೆನ್ನಾಗಿ ಹೇಗೆ ಕಡೀತು ಅಂತ."

ಎಲೆ ಕೆಂಪಾಗುವ ಹೊತ್ತಿಗೆ ಹಗಿನೊ ಬೆಟ್ಟದ ಗುಡಿಯೊಂದರಲ್ಲಿ ಸಿಕ್ಕಿಬಿದ್ದು, ಹಿಡಿಯಲು ಬಂದವರು ಬಾಗಿಲು ಮುರಿಯುವಷ್ಟರಲ್ಲಿ ಹೊಟ್ಟೆ ಸೀಳಿಕೊಂಡ. ಕತ್ತಿ ಕೋಟೆಗೆ ಬಂತು. ಸಂಚು ಗೊತ್ತಿದ್ದೇ ಕತ್ತಿ ಮಾಡಿಕೊಟ್ಟನೆಂದು ಇಸಬುರೊನನ್ನು ಹಗ್ಗ ಬಿಗಿದು ಎಳೆದೊಯ್ದರು. ಸುದ್ದಿ ಕೇಳಿ ಕುಮಗೊರೊ ಒಂದು ಬಟ್ಟಲು ಅಕ್ಕಿಹೆಂಡ ಕುಡಿದ. ಆದರೆ ಆ ಸುಖ ನಿಲ್ಲಲಿಲ್ಲ. ಬೀದಿಯ ಹೆಂಗಸರು ಇಸಬುರೊನ ಮನೆಗೆ ಅನ್ನ, ಒಣಮೀನು ಹೊತ್ತರು. ಹುಡುಗರು ಸೆರೆಮನೆಯ ಗೋಡೆಗೆ ತಲೆಬಾಗಿ ಹೋಗತೊಡಗಿದರು. ಸೆರೆಮನೆಯಲ್ಲೂ ಅವನಿಗೇ ಮರ್ಯಾದೆ.

ಆಮೇಲೆ ವಿಚಾರಣೆಯ ಅಧಿಕಾರಿ ನೆಜು, ಇಸಬುರೊನ ಜೊತೆಗೆ ಕಲಿತವನೆಂದು ಕುಮಗೊರೊನನ್ನು ಕರೆಸಿದ. ಚಾಪೆಯ ಮೇಲೆ ಹಿಡಿ ಬಿಚ್ಚಿದ ಅಲಗು. ಹಿಡಿಯೊಳಗಿನ ಕಬ್ಬಿಣದ ಮೇಲೆ ಕಮ್ಮಾರ ಕೊರೆಯಬೇಕಾದ ಹೆಸರಿಲ್ಲ.

"ಇದು ಇಸಬುರೊ ಕೆಲಸ ಹೌದೋ ಅಲ್ವೋ? ಅಷ್ಟು ಹೇಳಿ ಮನೆಗೆ ಹೋಗು."

ಕುಮಗೊರೊ ಬಗ್ಗಿ ನೋಡಿದ. ನೀರಿಗದ್ದಿದ ಹದದಿಂದ ಬೆಳಗಿನ ಮಂಜಿನಂತೆ ಅಲಗಿನುದ್ದಕ್ಕೂ ಎದ್ದ ಬಿಳಿ ಗೆರೆ, ಹಿಡಿಯ ಕಬ್ಬಿಣದ ಮೇಲೆ ಎಡಕ್ಕೆ ಓರೆಯಾದ ಅರದ ಗೀರು, ಎಲ್ಲ ತನ್ನದು. ಗುರುವಿನ ಮನೆ ಬಿಟ್ಟ ವರ್ಷ ಇಸೊಬೆ ಹಳ್ಳಿಯ ಮುದುಕ ಸಮುರಾಯಿಯೊಬ್ಬನಿಗೆ ಮಾಡಿಕೊಟ್ಟದ್ದು. ದೇವರಿಗೆ ಒಪ್ಪಿಸುವುದು, ಮನುಷ್ಯನ ಹೆಸರು ಬೇಡ ಎಂದಿದ್ದ ಮುದುಕ. ಆಮೇಲೆ ಎಷ್ಟು ಹೆಣಗಿದರೂ ಅಂಥದು ಇನ್ನೊಂದು ಹುಟ್ಟಿರಲಿಲ್ಲ.

ಹೌದು ಎಂದರೆ ಇಸಬುರೊನ ತಲೆ ಹೋಗುತ್ತದೆ, ಆದರೆ ಈ ಕತ್ತಿ ಎಂದೆಂದಿಗೂ ಅವನದಾಗುತ್ತದೆ. ಆ ಎರಡನೆಯದನ್ನು ಕುಮಗೊರೊನಿಂದ ನುಂಗಲಾಗಲಿಲ್ಲ.

"ಅವನದಲ್ಲ ಸ್ವಾಮಿ. ಅವನ ಕೈಲಿ ಇದು ಆಗೋದೂ ಇಲ್ಲ. ನಾನು ಮಾಡಿದ್ದು."

ನೆಜು ಅವನ ಮುಖವನ್ನೇ ನೋಡಿದ. "ಏನು ಹೇಳ್ತಿದೀಯ ಅನ್ನೋದು ಗೊತ್ತಿದೆಯೇನೋ?"

"ಗೊತ್ತು ಸ್ವಾಮಿ. ನಮ್ಮನೇಲಿರೋ ಕತ್ತಿ ತರಿಸಿ, ಅರದ ಗೀರು ಪಕ್ಕಕ್ಕಿಟ್ಟು ನೋಡಿ. ಇದನ್ನ ತಗೊಂಡಿದ್ದು ಇಸೊಬೆಯ ಮುದುಕರು."

ಮುದುಕ ಎಂದೋ ಸತ್ತಿದ್ದ. ಹಗಿನೊ ಅವನ ತಂಗಿಯ ಮಗನೆಂದು, ದೇವರಿಗೆ ಒಪ್ಪಿಸದೆ ಉಳಿದ ಕತ್ತಿ ಅವನ ಪಾಲಿಗೆ ಬಂದಿತ್ತೆಂದು ತಿಳಿದುಬಂತು. ಗೀರೂ ತಾಳೆಯಾಯಿತು. ಇಸಬುರೊ ಬಿಡುಗಡೆಯಾದ. ಕುಮಗೊರೊ ಸಂಚಿನವನಲ್ಲ ಎಂದು ಕಂಡರೂ, ಮಂತ್ರಿಯನ್ನು ಕೊಂದ ಕಬ್ಬಿಣ ಅವನದಾದ್ದರಿಂದ ಚಳಿಗಾಲ ಮುಗಿಯುವವರೆಗೆ ಸೆರೆಯಲ್ಲಿಟ್ಟು, ಕುಲುಮೆಯ ಬಾಗಿಲಿಗೆ ಅಡ್ಡ ಬಿದಿರು ಬಡಿದು ಮುಚ್ಚಿದರು. ಕೋಟೆಯೊಳಗಿನ ವಿಚಾರಣೆ ಕೋಟೆಯೊಳಗೇ ಉಳಿಯಿತು. ಊರಿಗೆ ಗೊತ್ತಾದದ್ದು ಇಷ್ಟೇ: ತಮ್ಮನ ತಪ್ಪನ್ನು ಅಣ್ಣ ಮೈಮೇಲೆ ಹಾಕಿಕೊಂಡ.

ಹಾಗಾಗಿ ಅವನು ಹೊರಬಂದ ದಿನ ಬೀದಿಯಲ್ಲಿ ಜನ ಅವನಿಗೆ ತಲೆಬಾಗಿದರು.

"ಅದು ನನ್ನ ಕತ್ತಿ ಕಣ್ರಯ್ಯ. ನಾನೇ ಮಾಡಿದ್ದು," ಅಂದ ಕುಮಗೊರೊ.

"ಗೊತ್ತು ಬಿಡಿ ಯಜಮಾನ್ರೆ," ಎಂದು ತೋಫು ಮಾರುವವನು ಕಣ್ಣೊರೆಸಿಕೊಂಡ. "ಈಗಲೂ ಬಿಟ್ಟುಕೊಡಲ್ವಲ್ಲ ತಮ್ಮನ್ನ."

ಕುಮಗೊರೊನಿಗೆ ತೋಫು ಮುಳುಗಿಸಿಟ್ಟ ಆ ತೊಟ್ಟಿಯ ನೀರಿನಲ್ಲೇ ಅವನನ್ನು ಅದ್ದಬೇಕೆನಿಸಿತು. ಆಣೆ ಹಾಕಿದಷ್ಟೂ ಜನರ ಮೆಚ್ಚುಗೆ ಹೆಚ್ಚಿತು, ಕತ್ತಿ ಇನ್ನಷ್ಟು ಗಟ್ಟಿಯಾಗಿ ಇಸಬುರೊನದಾಯಿತು. ಕೆಲವು ವರ್ಷಗಳಲ್ಲಿ ಸೇನಾಪತಿ ಶೋಗನ್ನರ ಆಳ್ವಿಕೆ ಬಿದ್ದು, ಹಗಿನೊನಂಥ ಹುಡುಗರು ಬಯಸಿದ್ದ ಚಕ್ರವರ್ತಿಯ ಸರ್ಕಾರ ಬಂತು. ಕೊಲೆಗಾರ ಹಗಿನೊ ದೇಶಕ್ಕಾಗಿ ಸತ್ತವನಾದ. ಕತ್ತಿಯನ್ನು ಊರ ದೇವಸ್ಥಾನದಲ್ಲಿಟ್ಟರು. ಮಂತ್ರಿಯ ಹೆಂಡತಿ ಆ ಬೀದಿಯಲ್ಲಿ ಬರುವುದನ್ನು ಬಿಟ್ಟಳು. ಕುಮಗೊರೊ ಹೋಗಿ ದೂರದಿಂದ ಆ ಬಿಳಿ ಗೆರೆ ನೋಡಿ ಬರುತ್ತಿದ್ದ. ಹೊಳೆದಂಡೆಯ ಇಸಬುರೊ ಕೆಲಸ ಎಂದು ಪಕ್ಕದಲ್ಲಿ ಯಾರಾದರೂ ಪಿಸುಗುಟ್ಟುತ್ತಿದ್ದರು.

ಸೊಂಟಕ್ಕೆ ಕತ್ತಿ ಕಟ್ಟುವುದನ್ನೇ ಸರ್ಕಾರ ನಿಲ್ಲಿಸಿದಾಗ ಇಬ್ಬರೂ ಕುಡುಗೋಲು, ಮೀನು ಕೊಯ್ಯುವ ಚೂರಿ ಮಾಡತೊಡಗಿದರು. ಅದೇ ವರ್ಷ ಇಸಬುರೊ ಹಾಸಿಗೆ ಹಿಡಿದ. ಒತಾಕಿಯ ಕಾಟ ತಾಳಲಾರದೆ ಕುಮಗೊರೊ ನೋಡಲು ಹೋದ.

"ಅಣ್ಣ, ನಿಮ್ಮ ಋಣ ತೀರಿಸೋಕಾಗಲ್ಲ," ಅಂದ ಇಸಬುರೊ.

"ಋಣ ಗಿಣ ಏನಿಲ್ಲ. ನಿನ್ನ ಉಳಿಸೋಕೆ ಹೇಳಿದ್ದಲ್ಲ ನಾನು. ಅದು ನಿನ್ನದು ಅನ್ನೋದನ್ನ ತಡೆಯೋಕಾಗಲಿಲ್ಲ, ಹೇಳಿದೆ."

ಇಸಬುರೊ ಮಗ್ಗುಲಾಗಿ ಅವನ ಕಡೆ ತಿರುಗಿದ. "ಗೊತ್ತು. ನನ್ನದಲ್ಲ ಅಂತಾನೂ ಮೊದಲಿಂದ ಗೊತ್ತು. ಹಗಿನೊ ಹಿಡಿಗೆ ದಾರ ಸುತ್ತಿಸೋಕೆ ತಂದಾಗ ನೋಡಿದ್ನಲ್ಲ, ನಿಮ್ಮ ಕೈ ಅಂತ ಆಗಲೇ ಗೊತ್ತಾಯ್ತು. ರಾತ್ರಿಯೆಲ್ಲ ನಿದ್ದೆ ಬರಲಿಲ್ಲ, ಅಣ್ಣ. ಅಂಥ ಹದ ನನ್ನ ಕೈಗೆ ಯಾವತ್ತೂ ಹತ್ತಲಿಲ್ಲ. ಸೆರೇಲಿ ಹಗ್ಗ ಬಿಗಿದಾಗಲೂ ನನ್ನದಲ್ಲ ಅನ್ನೋಕೆ ಬಾಯಿ ಬರಲಿಲ್ಲ."

"ಈ ಮಾತನ್ನ ಊರಿಗೆ ಹೇಳೋ."

"ಹೇಳ್ದೆ. ಹೋದ ತಿಂಗಳು ಪೂಜಾರಿಗಳನ್ನೇ ಕರೆಸಿ ಹೇಳ್ದೆ."

"ಏನಂದ್ರು?"

"ಸಾಯೋ ಕಾಲಕ್ಕೆ ಹೆಸರನ್ನೂ ಅಣ್ಣಂಗೆ ಬಿಟ್ಟುಕೊಡ್ತಿದೀಯಲ್ಲ, ಎಂಥ ದೊಡ್ಡ ಮನಸ್ಸಯ್ಯಾ ನಿಂದು ಅಂತ ಅತ್ತರು."

ಕುಮಗೊರೊ ಚಹಾ ಮುಟ್ಟದೆ ಎದ್ದು ಮನೆಗೆ ಬಂದು, ನಡೆದದ್ದನ್ನು ಒತಾಕಿಗೆ ಹೇಳಿದ. ಅವಳು ಅಂಗಿಯ ಒಂದು ತೋಳು ಸಾಲದೆ ಎರಡೂ ತೋಳಿಗೆ ಕಣ್ಣು ಒರೆಸಿಕೊಳ್ಳುತ್ತ ನಕ್ಕಳು.

"ನಗು, ನಗು," ಅಂದ ಅವನು. "ದೊಡ್ಡ ಮನಸ್ಸೂ ಈಗ ಅವನದೇ."